ಬೆಲ್ಲದ ತೂಕದ ಮಗಳು

ಶಿಷ್ಯನೊಬ್ಬ ಜಪಮಾಲೆ ಹಿಡಿದು ಬಂದು ಕೇಳಿದ: "ಗುರುಗಳೇ, ನನ್ನ ಜಪ ದಿನಕ್ಕೆ ಸಾವಿರ ದಾಟುತ್ತದೆ. ನನ್ನ ಜೊತೆಯ ಶಿಷ್ಯ ಚೆನ್ನವೀರನದು ನೂರಕ್ಕೇ ಮುಗಿಯುತ್ತದೆ. ಅದಕ್ಕೇ ಅವನ ಮುಖದಲ್ಲಿ ಕಳೆಯೇ ಇಲ್ಲ. ಮಾತು ಸುಳ್ಳಾದೀತು, ಲೆಕ್ಕ ಸುಳ್ಳಾದೀತೇ?"

ಗುರುಗಳು ನಕ್ಕು ಒಂದು ಕತೆ ಹೇಳಿದರು.

ಒಬ್ಬ ವರ್ತಕನಿದ್ದ. ಅವನಿಗೊಬ್ಬಳು ಪುಟ್ಟ ಮಗಳು. ಪ್ರತಿ ವರ್ಷ ಅವಳು ಹುಟ್ಟಿದ ದಿನ ಬೆಲ್ಲದ ತುಲಾಭಾರ. ತಕ್ಕಡಿಯ ಒಂದು ತಟ್ಟೆಯಲ್ಲಿ ಮಗಳು, ಇನ್ನೊಂದರಲ್ಲಿ ಬೆಲ್ಲ. ತೂಗಿದ ಬೆಲ್ಲವೆಲ್ಲ ಬೀದಿಯ ಮಕ್ಕಳಿಗೆ.

ಒಂದು ವರ್ಷ ಬೆಲ್ಲ ಹಿಂದಿನ ಸಲಕ್ಕಿಂತ ಎರಡು ಅಚ್ಚು ಕಡಿಮೆ ಬಂತು. ವರ್ತಕ ಅಚ್ಚುಗಳನ್ನು ಮತ್ತೆ ಎಣಿಸಿದ. ಬೆಳೆಯುವ ಮಗು ಕರಗುತ್ತಿದೆ! ನೋಡಿದರೆ, ಹೌದು, ಕೆನ್ನೆ ಇಳಿದಿದೆ, ಕಣ್ಣು ಗುಳಿಬಿದ್ದಿದೆ. ನಿನ್ನೆಯವರೆಗೆ ಇದು ಯಾರಿಗೂ ಕಂಡಿರಲಿಲ್ಲ. ವೈದ್ಯ ಬಂದ. ಬೆಲ್ಲದ ಲೆಕ್ಕ ಕೇಳಿದ ಮೇಲೆ ಅವನಿಗೂ ಕಂಡಿತು. ಹೊತ್ತಿಗೊಂದು ಲೋಟ ಬೇವಿನ ಕಷಾಯ, ಹಾಸಿಗೆ ಬಿಟ್ಟು ಏಳುವಂತಿಲ್ಲ, ಆಟದ ಮಾತೇ ಇಲ್ಲ ಎಂದ.

"ಲಂಗ ಮೊಣಕಾಲಿಗೆ ಬಂದಿದೆಯಲ್ಲ, ಬೆಳೆದಿದ್ದಾಳೆ ಕಣ್ರೀ," ಎಂದಳು ತಾಯಿ.

"ಒಗೆದು ಒಗೆದು ಲಂಗ ಕುಗ್ಗಿದೆ," ಎಂದ ವರ್ತಕ.

"ಅಲ್ವೋ, ಇವಳನ್ನು ಎತ್ತಿಕೊಂಡರೆ ನನ್ನ ಸೊಂಟವೇ ಬಿದ್ದುಹೋಗುತ್ತೆ," ಎಂದಳು ಅಜ್ಜಿ.

"ನಿನಗೆ ವಯಸ್ಸಾಯ್ತಮ್ಮ. ಹೂವು ಎತ್ತಿದರೂ ಭಾರವೇ."

ಕಿಟಕಿಯಾಚೆ ಗೆಳತಿಯರು ಕುಂಟೆಬಿಲ್ಲೆ ಆಡುತ್ತಿದ್ದರು. ಮಗು ಹಾಸಿಗೆಯಲ್ಲೇ ಕಾಲು ಕುಣಿಸುತ್ತಿತ್ತು. "ನೋಡಿ, ಕಾಲು ನಡುಗುತ್ತಿದೆ," ಎಂದು ವರ್ತಕ ಕಣ್ಣೊರೆಸಿಕೊಂಡ. ವೈದ್ಯ ಕಷಾಯವನ್ನು ದುಪ್ಪಟ್ಟು ಮಾಡಿದ.

ಎರಡನೆಯ ಲೋಟ ಕಂಡದ್ದೇ ಮಗು ಹೇಳಿಬಿಟ್ಟಿತು: "ಅಪ್ಪಾ, ಹೋದ ವರ್ಷ ಅಜ್ಜಿಯ ಅಡಿಕೆ ಕುಟ್ಟುವ ಕಲ್ಲನ್ನು ಲಂಗದೊಳಗೆ ಇಟ್ಟುಕೊಂಡು ಕೂತಿದ್ದೆ. ನಾನು ಭಾರ ಆದಷ್ಟೂ ಎಲ್ಲರಿಗೂ ಬೆಲ್ಲ ಜಾಸ್ತಿ ಅಲ್ವಾ? ಈ ವರ್ಷ ಅಜ್ಜಿಯ ಹಲ್ಲೆಲ್ಲ ಬಿದ್ದುಹೋದವು. ಅಡಿಕೆ ಕುಟ್ಟೋಕೆ ಬೇಕು ಅಂತ ಅಜ್ಜಿ ಕಲ್ಲನ್ನು ಕೈಬಿಡಲೇ ಇಲ್ಲ!"

ಅಜ್ಜಿ ಬೊಚ್ಚುಬಾಯಿ ಬಿಟ್ಟು, ಹೊಟ್ಟೆ ಹಿಡಿದುಕೊಂಡು ನಕ್ಕಳು. ವರ್ತಕ ಮಗಳ ಮುಖ ನೋಡಿದ. ಕೆನ್ನೆ ಗುಂಡಗಿತ್ತು. ವೈದ್ಯನಿಗೂ ಗುಂಡಗೇ ಕಂಡಿತು. ಅವರು ನೋಡಿ ಮುಗಿಸುವಷ್ಟರಲ್ಲಿ ಮಗು ಬೀದಿಯಲ್ಲಿ ಕುಂಟುತ್ತಿತ್ತು.

ಕತೆ ಕೇಳಿ ಶಿಷ್ಯನೂ ನಕ್ಕ. "ಹಾಗಾದರೆ ತಕ್ಕಡಿ ಸುಳ್ಳು ಹೇಳಿತೇ, ಗುರುಗಳೇ?"

"ಎರಡು ಸಲವೂ ನಿಜವನ್ನೇ ಹೇಳಿತಪ್ಪ," ಎಂದು ಗುರುಗಳು ಕೈ ಚಾಚಿದರು. "ಮಾಲೆ ಇಲ್ಲಿ ಕೊಡು, ಹೋಗಿ ಚೆನ್ನವೀರನ ಮುಖವನ್ನು ಇನ್ನೊಮ್ಮೆ ನೋಡಿಕೊಂಡು ಬಾ."