ಕರೆದ ಬಂಡೆ

ಗುಂಡಿಹಾಳದಲ್ಲಿ ಬಸ್ಸಿಳಿದು ಪಡುವಣಕ್ಕೆ ಮುಖ ಮಾಡಿದರೆ, ಯಾರೋ ಹೊತ್ತು ತಂದು ಸುರಿದಂತಿರುವ ಗುಂಡುಕಲ್ಲುಗಳ ಗುಡ್ಡವೊಂದು ಕಾಣುತ್ತದೆ. ಅದರ ತೆಂಕಣ ಮಗ್ಗುಲಿಗೆ ನೆತ್ತಿಯಿಂದ ಬುಡದವರೆಗೆ ಒಂದೇ ಹಾಸುಗಲ್ಲು. ಬುಡದಲ್ಲಿ ಅಂಗಳದಂತೆ ಚಪ್ಪಟೆ, ಮೇಲೇರಿದಂತೆ ಗೋಡೆ. ನಕಾಶೆ ಬರೆದವರು ಇದನ್ನು ‘ಕರಿಬಂಡೆ’ ಎಂದು ಗುರುತಿಸಿದ್ದಾರೆ, ಆದರೆ ಕಲ್ಲಿನ ಬಣ್ಣ ಜೇನಿನದು. ಊರವರ ಬಾಯಲ್ಲಿ ಇದು ಕರೆದ ಬಂಡೆ. ಯಾರು ಯಾರನ್ನು ಕರೆದರು ಎಂದು ಕೇಳಿದರೆ ಹಿರಿಯರು ಮಡಿವಾಳರ ಅಡಿವೆಪ್ಪನ ಹೆಸರು ಹೇಳುತ್ತಾರೆ, ಸ್ವಲ್ಪ ದನಿ ತಗ್ಗಿಸಿ.

ಹಿಂದೆ ಒಮ್ಮೆ, ಈ ಸೀಮೆಗೆ ಹೇಳುವವರು ಕೇಳುವವರು ಇಲ್ಲದ ಕಾಲದಲ್ಲಿ, ಕುದುರೆ ದಂಡೊಂದು ಊರೂರು ಸುಲಿಯುತ್ತ ಇತ್ತ ಬಂತು. ಗುಂಡಿಹಾಳದವರು ಕಾಳುಕಡಿ ಗಂಟು ಕಟ್ಟಿ, ಮಕ್ಕಳು ಮುದುಕರನ್ನು ಕರೆದುಕೊಂಡು ಗುಡ್ಡ ಸೇರಿದರು. ಮೇಲಕ್ಕೆ ನಡೆದು ಹತ್ತುವಂಥ ದಾರಿ ಇದ್ದುದು ಒಂದೇ. ಅದೂ ಬಂಡೆಗಳ ಸಂದಿಯಲ್ಲಿ, ಕಾರೆಮುಳ್ಳಿನ ಪೊದೆಯ ಹಿಂದೆ. ಗೊತ್ತಿಲ್ಲದವನು ಅದರ ಎದುರಿಗೇ ನಿಂತರೂ ಕಾಣುತ್ತಿರಲಿಲ್ಲವಂತೆ. ಬೇಸಿಗೆಯ ದಿನಗಳು. ಮೇಲಿನ ಕಲ್ಲುಕುಳಿಗಳಲ್ಲಿ ಹನಿ ನೀರಿಲ್ಲ. ಗುಡ್ಡದ ಬುಡದ ಒರತೆಯಿಂದ ನೀರು ತರಬೇಕು, ಎತ್ತು ಆ ಇಕ್ಕಟ್ಟಿನಲ್ಲಿ ಹಿಡಿಸದು. ಹೊರೆ ಹೊತ್ತು ಹತ್ತಬಲ್ಲದ್ದೆಂದರೆ ಅಡಿವೆಪ್ಪನ ಹೆಣ್ಣುಕತ್ತೆ ಬೂದಿಯೊಂದೇ. ಊರ ಬಟ್ಟೆ ಹೊತ್ತ ಬೆನ್ನು ಈಗ ಊರ ನೀರು ಹೊತ್ತಿತು. ದಿನ ಬೆಳಗಾದರೆ ಎರಡು ತೊಗಲ ಚೀಲಗಳನ್ನು ಅತ್ತಿತ್ತ ಇಳಿಬಿಟ್ಟುಕೊಂಡು ಅದು ಇಳಿಯುತ್ತಿತ್ತು, ಹತ್ತುತ್ತಿತ್ತು. ಗುಡ್ಡ ಸೇರಿದ ಮೇಲೆಯೇ ಅದು ಒಂದು ಮರಿ ಹಾಕಿತ್ತು. ಹೆಂಡತಿ ತೀರಿಕೊಂಡ ಮೇಲೆ ಅಡಿವೆಪ್ಪ ಮನಸ್ಸು ಬಿಚ್ಚಿ ಮಾತಾಡುತ್ತಿದ್ದುದು ಬೂದಿಯೊಡನೆ ಮಾತ್ರ. “ಬಾರವ್ವ ಬೂದಿ” ಎಂದರೆ ಸಾಕು, ಬಾಯಲ್ಲಿದ್ದ ಹುಲ್ಲನ್ನು ಅರ್ಧಕ್ಕೇ ಬಿಟ್ಟು ಅದು ಬರುತ್ತಿತ್ತು.

ಒಂದು ಬೆಳಿಗ್ಗೆ ಚೀಲ ತುಂಬಿ ಹೊರೆ ಬಿಗಿಯುತ್ತಿದ್ದಾಗ ಕುದುರೆಗಳ ಸದ್ದಾಯಿತು. ಅಡಿವೆಪ್ಪ ಬಂಡೆಯ ಮರೆಗೆ ಹಾರಿದ. ಬೂದಿ ಸಿಕ್ಕಿಬಿತ್ತು. ಒಬ್ಬ ಸವಾರ ಅದನ್ನು ಹೊಡೆದುಕೊಂಡು ಹೋಗಲು ನೋಡಿದ. ದಂಡಿನ ಮುಖ್ಯಸ್ಥ ಇಳಿದು ಬಂದು ಅದರ ಹೊಟ್ಟೆಯ ಕೆಳಗೆ ಬಗ್ಗಿ ನೋಡಿ, “ಕೆಚ್ಚಲು ತುಂಬಿದೆ. ಮರಿ ಮೇಲೆಲ್ಲೋ ಇದೆ. ಬಿಟ್ಟುಬಿಡಿ, ಅದೇ ದಾರಿ ತೋರಿಸುತ್ತದೆ” ಎಂದ. ಮರೆಯಲ್ಲಿದ್ದ ಅಡಿವೆಪ್ಪನಿಗೆ ಅದು ಕೇಳಿಸಿತು. ಮನುಷ್ಯ ಮಾತ್ರ ತೆವಳಿ ಹತ್ತಬಹುದಾದ ಕೊರಕಲಿನಲ್ಲಿ ಮೊಣಕಾಲು ತರಚಿಕೊಂಡು ಅವನು ಮೇಲೆ ತಲುಪುವಷ್ಟರಲ್ಲಿ, ಕೆಳಗೆ ಬೂದಿ ಹೊರೆಯೊಂದಿಗೆ ಸಾವಕಾಶವಾಗಿ ಬರುತ್ತಿತ್ತು. ಕುದುರೆಗಳನ್ನು ಒರತೆಯ ಬಳಿ ಬಿಟ್ಟು ಆಯುಧ ಹಿಡಿದವರು ದೂರದಿಂದ ಅದರ ಹೆಜ್ಜೆಯನ್ನೇ ನೋಡುತ್ತ ಹಿಂಬಾಲಿಸುತ್ತಿದ್ದರು.

ಊರ ಹಿರಿಯ ಹಂಪನಗೌಡ ಕಲ್ಲುಗಳನ್ನು ಉರುಳಿಸಲು ಹೇಳಿದ. ಅಡಿವೆಪ್ಪ ತಡೆದ.

“ಬ್ಯಾಡ್ರಿ ಗೌಡ್ರ. ಕಲ್ಲು ಬಿದ್ದರ ದಾರಿ ಇಲ್ಲೇ ಐತಿ ಅಂತ ನಾವೇ ತೋರಿಸಿದಂಗ ಆಗತೈತಿ.”

“ಮತ್ತೇನು ಮಾಡೂದೋ? ಇನ್ನೊಂದೀಟು ಬಂತಂದ್ರ ಪೊದೆ ಹೊಕ್ಕತೈತಿ.”

“ನಾ ಕರೀತೀನ್ರಿ. ನಾ ಕರದ್ರ ಎಲ್ಲಿಗಾದ್ರೂ ಬರತೈತಿ.” ಆಮೇಲೆ ಮುದುಕಿ ಬಾಳವ್ವನ ಕಡೆ ತಿರುಗಿ, “ಯವ್ವಾ, ಮರಿ ಬಾಯಿ ಗಟ್ಟ್ಯಾಗಿ ಹಿಡಕೋ. ಅದು ಒದರಬಾರದು” ಎಂದ.

ಬಾಳವ್ವ ಮರಿಯನ್ನು ಸೆರಗಿನಲ್ಲಿ ಸುತ್ತಿ ಎದೆಗೆ ಒತ್ತಿಕೊಂಡಳು. ಅಡಿವೆಪ್ಪ ಹಾಸುಗಲ್ಲಿನ ನೆತ್ತಿಗೆ ಹೋಗಿ ಅಂಚಿನಲ್ಲಿ ನಿಂತು, “ಬಾರವ್ವ ಬೂದಿ” ಎಂದು ಕೂಗಿದ. ಪೊದೆಯ ಹತ್ತಿರಕ್ಕೆ ಬಂದಿದ್ದ ಬೂದಿ ನಿಂತಿತು. ಮರಿಯಿರುವ ದಾರಿಯ ಕಡೆಗೊಮ್ಮೆ ನೋಡಿತು, ದನಿ ಬಂದ ಕಡೆಗೊಮ್ಮೆ ಕಿವಿ ಹೊರಳಿಸಿತು. ಅವನು ಮತ್ತೆ ಕೂಗಿದ. ಅದು ಪೊದೆಗೆ ಬೆನ್ನು ಮಾಡಿ ಬಂಡೆ ಏರತೊಡಗಿತು. ಅರ್ಧದಲ್ಲಿ ಗೊರಸು ಜಾರಿ, ಮೊಣಕಾಲೂರಿ, ತಲೆಯೆತ್ತಿ ಅವನನ್ನು ನೋಡಿತು. ಸುಮ್ಮನಾದರೆ ಅದು ಇಳಿದು ತನ್ನ ರೂಢಿಯ ದಾರಿಗೇ ಹೋಗುತ್ತದೆಂದು ಅವನಿಗೆ ಗೊತ್ತಿತ್ತು. ಬೆನ್ನ ಹಿಂದೆ ಊರಿಗೆ ಊರೇ ನಿಂತಿತ್ತು. “ಬಾ ನನ್ನವ್ವ, ಬಾ” ಎಂದ. ಬೂದಿ ಎದ್ದಿತು. ಗೋಡೆಯಂತಿದ್ದ ಕಡೆ ಕಾಲಿಟ್ಟಿತು. ತುಂಬಿದ ಚೀಲಗಳ ಭಾರ ಅದನ್ನು ಹಿಂದಕ್ಕೆ ಸೆಳೆಯಿತು. ಬೀಳುವಾಗ ಅದು ಒದರಲೂ ಇಲ್ಲ ಎನ್ನುತ್ತಾರೆ. ಚೀಲ ಒಡೆದು ನೀರು ಬಂಡೆಯ ಉದ್ದಕ್ಕೂ ಹರಿಯಿತು.

ಕತ್ತೆ ಹತ್ತಲು ನೋಡಿದ್ದೇ ದಾರಿಯೆಂದು ನಂಬಿದ ದಂಡಿನವರು ಸಂಜೆಯವರೆಗೂ ಆ ಕಲ್ಲಿನ ಮೇಲೆ ಜಾರಿದರು, ಬಿದ್ದರು, ಕೈಕಾಲು ಮುರಿದುಕೊಂಡರು. ಕೊನೆಗೆ ಬೇಸತ್ತು ಬೇರೆ ಊರಿನ ಹಾದಿ ಹಿಡಿದರು. ಗುಂಡಿಹಾಳ ಉಳಿಯಿತು. ಹಂಪನಗೌಡ ಅಡಿವೆಪ್ಪನಿಗೆ ಹೊಲ ಬಿಟ್ಟುಕೊಡಲು ಮುಂದಾದ, ಅವನು ಬೇಡವೆಂದ. ಬೂದಿಯನ್ನು ಬಿದ್ದಲ್ಲಿಯೇ ಮಣ್ಣು ಮಾಡಿ, ಕಾದಾಡಿ ಮಡಿದವರಿಗೆ ನೆಡುವಂಥ ಒಂದು ಕಲ್ಲು ನೆಡಿಸಿಕೊಡಿ ಎಂದಷ್ಟೇ ಕೇಳಿದ. ತಾಯಿಯಿಲ್ಲದ ಮರಿಯನ್ನು ಬಾಳವ್ವನ ಮನೆಯ ಆಡಿನ ಹಾಲು ಹಾಕಿ ಬದುಕಿಸಿಕೊಂಡ. ಅದು ಬೆಳೆದು ದೊಡ್ಡದಾಯಿತು, ಹೊರೆ ಹೊತ್ತಿತು. ಆದರೆ ಅದಕ್ಕೆ ಅವನು ಹೆಸರಿಡಲಿಲ್ಲ, ಒಂದು ದಿನವೂ ಕೂಗಿ ಕರೆಯಲಿಲ್ಲ. ಬೇಕಾದಾಗ ತಾನೇ ಎದ್ದು ಅದು ಮೇಯುವಲ್ಲಿಗೆ ನಡೆದುಹೋಗುತ್ತಿದ್ದ. ಮುದುಕನಾಗಿ ಕಣ್ಣು ಮಂಜಾದ ಮೇಲೂ, ತಡವರಿಸಿಕೊಂಡು.

ಕಲ್ಲೇನೋ ನೆಟ್ಟರು. ಆದರೆ ಕಲ್ಲಿನ ಮೇಲೆ ಕತ್ತೆಯನ್ನು ಕೆತ್ತಿದರೆ ಅದು ಶಾಪದ ಗುರುತೆಂದು ತಿಳಿಯುತ್ತಿದ್ದ ಕಾಲ ಅದು. ಊರಿಗೇ ಕೇಡೆಂದು ಕಲ್ಲುಕುಟಿಗ ಹೆದರಿದ, ಅಡಿವೆಪ್ಪ ಒತ್ತಾಯಿಸಲಿಲ್ಲ. ಇಂದಿಗೂ ಬಂಡೆಯ ಬುಡದಲ್ಲಿ ಮೊಣಕಾಲೆತ್ತರದ ಆ ಕಲ್ಲನ್ನು ನೋಡಬಹುದು. ಅದರ ಮೇಲೆ ಎರಡು ನೀರಿನ ಚೀಲಗಳು ಮಾತ್ರ ಇವೆ, ಒಂದು ಅತ್ತ, ಒಂದು ಇತ್ತ. ನೋಡಲು ಬಂದವರು ಮಾವಿನಕಾಯಿಗಳೆಂದುಕೊಳ್ಳುತ್ತಾರೆ. ನಡುವೆ ಒಂದು ಬೆನ್ನಿನಷ್ಟು ಜಾಗವನ್ನು ಕುಟಿಗ ಉಳಿ ತಾಗಿಸದೆ ಹಾಗೆಯೇ ಬಿಟ್ಟಿದ್ದಾನೆ.