ಬಚ್ಚಲಮನೆಯ ಗಳಿಗೆ

ಗುಂಡಿಬೆಟ್ಟದ ಪಾಳೆಯಗಾರ ಕೆಂಚನಾಯಕನ ಕೋಟೆಗೆ ಗೌರಿನಾಥನೆಂಬ ಪಂಡಿತ ಬಂದು ಸೇರಿಕೊಂಡಿದ್ದ. ತನ್ನದು ಕ್ಷಣೋದ್ಧಾರ ವಿದ್ಯೆ, ಕಳೆದುಹೋದ ಯಾವ ಗಳಿಗೆಯನ್ನಾದರೂ ಎಣ್ಣೆಯ ಬಟ್ಟಲಿನಲ್ಲಿ ಮರಳಿ ತಂದು ನೋಡಬಲ್ಲೆ ಎನ್ನುತ್ತಿದ್ದ. ನಾಯಕ ಅದನ್ನು ಪೂರಾ ನಂಬಿದ್ದ.

ಒಂದು ದಿನ ರಾಣಿ ಸ್ನಾನಕ್ಕೆ ಕೂತಾಗ ತೆಗೆದಿಟ್ಟ ಮುತ್ತಿನ ಸರ ಕಾಣೆಯಾಯಿತು. ಪಂಡಿತ ಬಟ್ಟಲಿಗೆ ಬಗ್ಗಿ ನೋಡಿದ.

"ಆ ಗಳಿಗೆ ಸಿಕ್ಕಿತು ದೊರೆ. ನೀರು ಕಾಯಿಸುವ ಸಂಕವ್ವ ಸರವನ್ನು ಸೆರಗಿಗೆ ಕಟ್ಟಿಕೊಂಡಳು."

ಸಂಕವ್ವನನ್ನು ಸಭೆಗೆ ಎಳೆದು ತಂದರು. ಅವಳ ಕೈ ಕಡಿಯಲು ಒಬ್ಬ ಕೊಡಲಿ ಹಿಡಿದು ಪಕ್ಕದಲ್ಲೇ ನಿಂತ. ನಾನಲ್ಲ ಎಂದು ಎಷ್ಟು ಅತ್ತರೂ ಇಲ್ಲಿ ಯಾರೂ ಕೇಳುವುದಿಲ್ಲವೆಂದು ಅವಳಿಗೆ ಗೊತ್ತಿತ್ತು. ಅವಳು ಪಂಡಿತನ ಕಡೆ ತಿರುಗಿದಳು.

"ಸ್ವಾಮಿ, ನನ್ನನ್ನು ಕಣ್ಣಾರೆ ಕಂಡಿರಾ?"

"ಕಂಡೆ! ಬಚ್ಚಲಮನೆಯ ಮೂಲೆಮೂಲೆಯೂ ನಿಚ್ಚಳವಾಗಿ ಕಂಡಿತು."

"ಹಾಗಾದರೆ ನನ್ನೆದುರೇ ಮೀಯುತ್ತಿದ್ದ ರಾಣಿಯಮ್ಮನನ್ನೂ ಕಂಡಿರಬೇಕಲ್ಲ?"

ನಾಯಕನ ಕೈ ಕತ್ತಿಯ ಹಿಡಿಗೆ ಹೋಯಿತು. ಪಂಡಿತ ಒಂದು ಹೆಜ್ಜೆ ಹಿಂದೆ ಸರಿದ.

"ದೊರೆ, ಆಗ... ಸ್ವಲ್ಪ ಹೊಗೆ ಇತ್ತು."

"ಮೂಲೆಮೂಲೆಯೂ ಕಂಡಿತು ಅಂದಿರಲ್ಲ ಸ್ವಾಮಿ" ಎಂದಳು ಸಂಕವ್ವ ಮೆಲ್ಲಗೆ.

"ಕಂಡೆಯೋ, ಇಲ್ಲವೋ?" ನಾಯಕ ಗುಡುಗಿದ. ಕತ್ತಿ ಅರ್ಧ ಹೊರಗೆ ಬಂದಿತ್ತು.

ಪಂಡಿತ ದಬ್ಬನೆ ಕಾಲಿಗೆ ಬಿದ್ದ. "ಇಲ್ಲ ದೊರೆ! ದೇವರಾಣೆಗೂ ಏನೂ ಕಂಡಿಲ್ಲ! ಆ ಬಟ್ಟಲಿನಲ್ಲಿ ನನ್ನ ಮುಖ ಬಿಟ್ಟರೆ ಇವತ್ತಿನವರೆಗೂ ಬೇರೇನೂ ಕಂಡಿಲ್ಲ!"

ಸಭೆಯ ಪರದೆಯ ಹಿಂದೆ ಕೂತಿದ್ದ ರಾಣಿ ಗಟ್ಟಿಯಾಗಿ ನಕ್ಕಳು.

"ಮೊದಲು ಸಂಕವ್ವನನ್ನು ಬಿಡಿ" ಎಂದಳು. "ಆಮೇಲೆ ಆ ಪಂಡಿತನನ್ನು ಬಚ್ಚಲ ಮೋರಿಗೆ ಇಳಿಸಿ. ಸರ ಅಲ್ಲಿಗೆ ಜಾರಿರಬಹುದು, ಕೈಯಿಂದಲೇ ಹುಡುಕಲಿ."