ತುಂಗಜ್ಜಿಯ ಹೆಪ್ಪು

ಕಲ್ಲಿನ ಗಡಿಗೆ ತನ್ನೊಳಗಿದ್ದ ಮೊಸರನ್ನು ಹಂಗಿಸಿತು: "ನಾನು ಈ ಮನೆಗೆ ಬಂದು ಅರವತ್ತು ವರ್ಷ. ನಿನ್ನೆ ಹುಟ್ಟಿದ ನೀನು ಮಧ್ಯಾಹ್ನದ ಊಟಕ್ಕೆ ಮುಗಿಯುತ್ತೀಯೆ. ಇದನ್ನು ಇರುವುದು ಎನ್ನುತ್ತಾರೆಯೇ?"

"ತುಂಗಜ್ಜಿ ಮದುವಣಗಿತ್ತಿಯಾಗಿ ಬಂದಾಗ ತವರಿನಿಂದ ತಂದ ಹೆಪ್ಪು ನಾನು," ಎಂದಿತು ಮೊಸರು. "ಹಾಲಿನ ಬಿಸಿ ನೋಡಲು ಅವಳು ಕಿರುಬೆರಳು ಅದ್ದುತ್ತಿದ್ದಳು."

"ಅಜ್ಜಿಯೇ ಹೋಗಿ ಆರು ವರ್ಷವಾಯಿತು!" ಗಡಿಗೆ ನಕ್ಕಿತು.

ಅಂದು ನೆಂಟರು ಬಂದರು. ಸೊಸೆ ಹೆಪ್ಪಿಗೂ ಉಳಿಸದೆ ಮೊಸರನ್ನೆಲ್ಲ ಬಡಿಸಿ, ಗಡಿಗೆ ತೊಳೆದು ಕವುಚಿಟ್ಟಳು. 'ಮೊಸರಿಲ್ಲದ ಮೇಲೆ ನಾನು ಯಾರು?' ಎಂದು ಗಡಿಗೆ ತನ್ನನ್ನೇ ಕೇಳಿಕೊಂಡಿತು.

ದೀಪ ಹಚ್ಚಿದ ಮೇಲೆ ಯಾರೂ ಹೆಪ್ಪು ಕೊಡುವುದಿಲ್ಲವೆಂದು ಸೊಸೆ ಅವಸರದಿಂದ ಪಕ್ಕದ ಮನೆಗೆ ಹೋಗಿ ಒಂದು ಚಮಚ ಹೆಪ್ಪು ತಂದು, ಗಡಿಗೆಗೆ ಹಾಲು ಹೊಯ್ದು ಬೆರೆಸಿದಳು.

"ನೀನು ಯಾರು?" ಗಡಿಗೆ ಕೇಳಿತು.

"ಎಂದೋ ತುಂಗಜ್ಜಿ ನಿನ್ನೊಳಗಿಂದ ತೆಗೆದು ಆ ಮನೆಗೆ ಕೊಟ್ಟ ಹೆಪ್ಪೇ ನಾನು. ಹಾಲಿನ ಬಿಸಿ ನೋಡಲು ಅವಳು ಕಿರುಬೆರಳು ಅದ್ದುತ್ತಿದ್ದಳಲ್ಲ, ಮರೆತೆಯಾ?"